ಸೀಲು ಕಡಿದ ಇಲಿ

ನಮ್ಮ ಸೋದರಮಾವ ಜೀವಮಾನದಲ್ಲಿ ಹೇಳಿದ್ದು ಒಂದೇ ಒಂದು ಸುಳ್ಳು. ಅದನ್ನೂ ನ್ಯಾಯಾಧೀಶರ ಎದುರಿಗೇ ಹೇಳಿದರು, ಅದೂ ಒಂದು ಇಲಿಯ ಮೇಲೆ! ಸುಳ್ಳಿಗೂ ಸ್ವಲ್ಪ ಅಭ್ಯಾಸ ಬೇಡವೇ?

ಎಪ್ಪತ್ತರ ದಶಕದ ಮಾತು. ರಾಜಾಜಿನಗರದ ಇಂಡಸ್ಟ್ರಿಯಲ್ ಎಸ್ಟೇಟಿನಲ್ಲಿ ಮಾವನದೊಂದು ಶೆಡ್ಡು, ಶೆಡ್ಡಿನಲ್ಲೊಂದು ಲೇತ್ ಮಿಷನ್ನು. ಬೇರೆಯವರು ಭಾನುವಾರ ನೆಂಟರ ಮನೆಗೆ ಹೋದರೆ ಮಾವ ಮಿಷನ್ನಿನ ಮೈ ಒರೆಸಲು ಹೋಗುವರು. ಅತ್ತೆಗೆ ಮೈಯೆಲ್ಲ ಉರಿ. "ಹೋಗ್ರಿ, ನನ್ನ ಸವತಿ ಕಾಯ್ತಿರ್ತಾಳೆ!" ಎಂದು ಊಟದ ಕ್ಯಾರಿಯರ್ ಕುಕ್ಕುವರು. ಮದುವೆಯಾಗಿ ಹನ್ನೆರಡು ವರ್ಷವಾದರೂ ಆ ಶೆಡ್ಡಿಗೆ ಕಾಲಿಟ್ಟಿರಲಿಲ್ಲ.

ಅಂಥ ಅತ್ತೆ ಒಂದು ಆಯುಧಪೂಜೆಗೆ, ಏನನ್ನಿಸಿತೋ ಕಾಣೆ, ಹುಣಸೆಹಣ್ಣು, ತೆಂಗಿನ ನಾರು ಹಿಡಿದು ಬಂದೇಬಿಟ್ಟರು! ಮಿಷನ್ನು ಫಳಫಳ ಆಯಿತು. ಅಷ್ಟಕ್ಕೇ ಬಿಟ್ಟರೇ? ಗೋಡೆಯ ಮೇಲಿದ್ದ ಕರೆಂಟ್ ಮೀಟರನ್ನೂ ತಿಕ್ಕಿದರು. ಅದಕ್ಕೆ ಜೋತುಬಿದ್ದಿದ್ದ ಕೊಳಕು ತಂತಿ, ಸೀಸದ ಗುಂಡು ಕಿತ್ತುಬಂದವು. ಹಬ್ಬದ ದಿನ ಬರಿದಾಗಿ ಬಿಡುವುದೇ ಎಂದು ಆ ಜಾಗಕ್ಕೆ ಅರಿಶಿನದ ದಾರ ಕಟ್ಟಿ, ವಿಭೂತಿಯ ಮೂರು ಗೆರೆ ಎಳೆದು ಮನೆಗೆ ಹೋದರು. ಕಿತ್ತದ್ದು ಸರ್ಕಾರದ ಸೀಲು ಎಂದು ಅವರಿಗೇನು ಗೊತ್ತು?

ಮಾವ ನೋಡಿದ್ದು ಸಂಜೆ. ರಜೆ ಮುಗಿಯಲಿ, ಕರೆಂಟ್ ಆಫೀಸಿಗೆ ಹೋಗಿ ಹೇಳೋಣ ಎಂದುಕೊಂಡರು. ಅಷ್ಟರಲ್ಲಿ ಆಫೀಸೇ ಬಂದು ಬಾಗಿಲು ತಟ್ಟಿತು!

"ಸೀಲ್ ಎಲ್ರೀ?" ಎಂದರು ತಪಾಸಣೆಯ ಅಧಿಕಾರಿ.

"ಇಲಿ ಕಡೀತು ಸಾರ್."

"ದಾರ ಕಟ್ಟಿದ್ಯಾರು?"

"ಅದನ್ನ... ವಿಚಾರಿಸ್ಬೇಕು ಸಾರ್."

ಯಾರನ್ನು? ಇಲಿಯನ್ನೇ? ಅಧಿಕಾರಿ ವಿದ್ಯುತ್ ಕಳ್ಳತನವೆಂದು ಮಹಜರು ಬರೆದು, ಭಾರಿ ದಂಡ ಹಾಕಿ, ಫ್ಯೂಸು ಕಿತ್ತುಕೊಂಡು ಹೋದರು. ದಂಡ ಕಟ್ಟಬೇಕೆಂದರೆ ಶೆಡ್ಡನ್ನೇ ಮಾರಬೇಕು. ಮಾವ ದಂಡ ರದ್ದಾಗಲೆಂದು ದಾವೆ ಹೂಡಿದರು. ವಕೀಲರು ಬೇಡ, ನನ್ನ ಮಿಷನ್ನಿಗೆ ನಾನೇ ಮೆಕ್ಯಾನಿಕ್ಕು, ನನ್ನ ಕೇಸಿಗೂ ನಾನೇ ಎಂದರು.

ಅರ್ಜಿ ಬರೆಯಲು ಕೂತವಳು ಕಾಲೇಜು ಓದುತ್ತಿದ್ದ ನಾನು. ನಡೆದದ್ದನ್ನೆಲ್ಲ ನನಗೊಬ್ಬಳಿಗೆ ಹೇಳಿ, ಅತ್ತೆಯ ಕಿವಿಗೆ ಬೀಳಕೂಡದು ಎಂದು ಆಣೆ ಹಾಕಿಸಿಕೊಂಡಿದ್ದರು.

"ಬರಿ. ಸದರಿ ಇಲಿಯು..."

"ಮಾವ, ಅತ್ತೇನೇ ಗೊತ್ತಿಲ್ದೆ ಕಿತ್ರು ಅಂದ್ರೆ ಕೇಸು ಮುಗೀತಲ್ಲ?"

"ನಿನ್ನ ಅಕ್ಷರ ಚೆನ್ನಾಗಿದೆ ಅಂತ ಕರೆದೆ ಕಣೇ, ಬುದ್ಧಿ ಚೆನ್ನಾಗಿದೆ ಅಂತಲ್ಲ. ಬರಿ!"

ವಿಚಾರಣೆಯ ದಿನ ಮಾವ ಕೈಯಲ್ಲಿ ಇಲಿಬೋನು ಹಿಡಿದು ಕೋರ್ಟಿಗೆ ಬಂದರು. ಒಳಗೆ ದಪ್ಪನೆಯ ಇಲಿ!

"ಏನ್ರೀ ಅದು?" ಎಂದು ನ್ಯಾಯಾಧೀಶರು ಕನ್ನಡಕ ಏರಿಸಿದರು.

"ಸೀಲು ಕಡಿದ ಆರೋಪಿ, ಸ್ವಾಮಿ."

"ಇದೇ ಇಲಿ ಅಂತ ಹೇಗೆ ಹೇಳ್ತೀರಿ?"

"ಮುಖ ನೋಡಿ ಸ್ವಾಮಿ, ಪಶ್ಚಾತ್ತಾಪ ಎದ್ದು ಕಾಣ್ತಿದೆ!"

ಇಡೀ ಕೋರ್ಟೇ ನಕ್ಕಿತೆನ್ನಿ. ಎದುರು ಪಕ್ಷದ ವಕೀಲರು ಬಿಡುವವರೇ? "ಸ್ವಾಮಿ, ಈ ಇಲಿಗೆ ಅರಿಶಿನದ ದಾರದಲ್ಲಿ ಬ್ರಹ್ಮಗಂಟು ಹಾಕೋಕೂ ಬರುತ್ತಂತಾ?"

ಮಾವ ಬೋನಿನೊಳಗಿನ ಇಲಿಯ ಕಡೆ ನೋಡಿದರು. ಆಗ ಹಿಂದಿನ ಬೆಂಚಿನಲ್ಲಿ ಊಟದ ಕ್ಯಾರಿಯರ್ ಹಿಡಿದು ಕೂತಿದ್ದ ಅತ್ತೆ ಎದ್ದು ನಿಂತರು. ದಾರದ ಮಾತು ಅವರ ಕಿವಿಗೆ ಬಿದ್ದದ್ದು ಆಗಲೇ.

"ಸ್ವಾಮಿ, ಆ ಗಂಟು ನಂದು. ಪೂಜೆಗೆ ತಿಕ್ಕೋವಾಗ ತಂತಿ ಕಿತ್ತವಳೂ ನಾನೇ."

ನ್ಯಾಯಾಧೀಶರು ಮಾವನ ಕಡೆ ತಿರುಗಿದರು. "ಗೊತ್ತಿದ್ದೂ ಯಾಕ್ರೀ ಮುಚ್ಚಿಟ್ರಿ? ಶೆಡ್ಡೇ ಹೋಗ್ತಿತ್ತಲ್ರೀ!"

ಮಾವ ತಲೆ ತಗ್ಗಿಸಿದರು. "ಹನ್ನೆರಡು ವರ್ಷಕ್ಕೆ ಒಂದ್ಸಲ ತಾನಾಗೇ ಬಂದು ಪೂಜೆ ಮಾಡಿದ್ಲು ಸ್ವಾಮಿ. ಅದರಿಂದ ಇಷ್ಟೆಲ್ಲಾ ಆಯ್ತು ಅಂತ ನನ್ನ ಬಾಯಲ್ಲಿ ಹೇಗೆ ಹೇಳ್ಲಿ?"

ಕೋರ್ಟಿನಲ್ಲಿ ಒಬ್ಬರೂ ನಗಲಿಲ್ಲ.

ಮೀಟರು ಪರೀಕ್ಷೆಗೆ ಹೋಯಿತು. ಒಳಗೆ ಯಾರೂ ಕೈಯಾಡಿಸಿಲ್ಲ ಎಂದು ವರದಿ ಬಂತು. ಸೀಲು ಹೋದ ಮಾತ್ರಕ್ಕೆ ಕಳ್ಳತನವಾಗದು ಎಂದು ದಂಡ ರದ್ದಾಯಿತು.

ಫ್ಯೂಸು ವಾಪಸು ಬಂದ ದಿನ ಮಾವ ಅತ್ತೆಯನ್ನು ಶೆಡ್ಡಿಗೆ ಕರೆದುಕೊಂಡು ಬಂದರು. "ನೀನೇ ಸ್ವಿಚ್ಚು ಹಾಕು."

ಅತ್ತೆ ಕೈ ಹಿಂದಕ್ಕೆಳೆದುಕೊಂಡರು. "ಬೇಡಪ್ಪ! ನಾನು ಮುಟ್ಟಿದ್ರೆ ಇನ್ನೇನು ಕಿತ್ತುಬರುತ್ತೋ!"

"ಬಂದ್ರೆ ಬರ್ಲಿ, ಹಾಕೇ."

ಅತ್ತೆ ಕಣ್ಣು ಮುಚ್ಚಿಕೊಂಡು ಹಾಕಿದರು. ಅಷ್ಟು ದಿನ ಸುಮ್ಮನಿದ್ದ ಮಿಷನ್ನು ಗುಂಯ್ ಎಂದು ತಿರುಗಿತು. ಮಾವ ಅದರ ಕಡೆ ತಿರುಗಿಯೂ ನೋಡಲಿಲ್ಲ. ಕಣ್ಣು ಮುಚ್ಚಿಯೇ ನಿಂತಿದ್ದ ಅತ್ತೆಯ ಮುಖವನ್ನೇ ನೋಡುತ್ತಿದ್ದರು.