ಎಂಟು ಜಾತಿ ಹಲ್ಲಿ, ಒಂದು ಗಲ್ಲಾ

ನೀವು ನಂಬುವುದಿಲ್ಲ. ನಂಬಿದರೆ ನನ್ನ ಮೀಸೆ ಬೋಳಿಸಿಕೊಳ್ಳುತ್ತೇನೆ, ಪಂದ್ಯ ಕಟ್ಟಿಯೇ ಶುರು ಮಾಡುತ್ತಿದ್ದೇನೆ ಮಾರಾಯ್ರೆ. ಉಳಿದವರ ಬದುಕಿನಲ್ಲಿ ಹಲ್ಲಿ ತನ್ನ ಪಾಡಿಗೆ ಗೋಡೆಯ ಮೇಲಿರುತ್ತದೆ. ನನ್ನ ಬದುಕಿನಲ್ಲಿ ಅದು ಸರಿಯಾದ ಹೊತ್ತು ನೋಡಿಕೊಂಡು ನಡುವೆ ಬಂದು ನಿಲ್ಲುತ್ತದೆ. ಒಮ್ಮೆ ಅಲ್ಲ, ಮತ್ತೆ ಮತ್ತೆ.

ನಾನು ಕುಂದಾಪುರ ಕಡೆಯ ಹಳ್ಳಿಯವ. ಊರಲ್ಲಿ ನನ್ನಷ್ಟು ಮರ ಹತ್ತಿದವ, ನನ್ನಷ್ಟು ಬಿಲಕ್ಕೆ ಕೈ ಹಾಕಿದವ ಇನ್ನೊಬ್ಬ ಹುಟ್ಟಿಲ್ಲ. ಹುಟ್ಟಿದ್ದರೂ ನನ್ನೆದುರು ಬರುವ ಧೈರ್ಯ ಮಾಡಿಲ್ಲ. ಈಗ ನಾಲ್ಕು ವರ್ಷದಿಂದ ಮುಂಬಯಿ ಹತ್ತಿರದ ಡೊಂಬಿವಲಿಯ ಒಂದು ಉಡುಪಿ ಹೋಟೆಲಿನಲ್ಲಿ ಸಪ್ಲಾಯರ್. ಮಾಲೀಕರನ್ನು ನಾವೆಲ್ಲ ಅಣ್ಣ ಅನ್ನುತ್ತೇವೆ. ಅಣ್ಣ ಖಾರ್ಘರ್‌ನಲ್ಲಿ ಹೊಸ ಬ್ರಾಂಚ್ ತೆಗೆಯುವವರಿದ್ದರು, ಅಲ್ಲಿನ ಗಲ್ಲಾದ ಮೇಲೆ ನನಗೆ ಕಣ್ಣು. ಗಲ್ಲಾ ಅಂದರೆ ಬರೀ ದುಡ್ಡಿನ ಪೆಟ್ಟಿಗೆ ಅಂದುಕೊಳ್ಳಬೇಡಿ. ಅದರ ಹಿಂದಿನ ಕುರ್ಚಿ ಇದೆಯಲ್ಲ, ಅದು ಮುಖ್ಯ. ಅಲ್ಲಿ ಕೂತವ "ಏ, ಆರನೇ ಟೇಬಲ್ ಒರೆಸು" ಅಂತ ಕೂಗಬಹುದು. ನಾಲ್ಕು ವರ್ಷದಿಂದ ಆ ಆರನೇ ಟೇಬಲ್ ಒರೆಸುತ್ತಿದ್ದವ ನಾನು.

ಅಣ್ಣನ ಮಗಳು ಇಲ್ಲೇ ಹುಟ್ಟಿ ಬೆಳೆದವಳು, ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಓದುತ್ತಾಳೆ. ನಾವು ಕನ್ನಡದಲ್ಲಿ ಕೇಳಿದರೆ ಹಿಂದಿಯಲ್ಲೋ ಮರಾಠಿಯಲ್ಲೋ ಉತ್ತರ. ಅವಳಿಗೊಂದು ಪ್ರಾಜೆಕ್ಟ್ ಬಂತು: ಠಾಣೆ, ಕಲ್ಯಾಣ, ನವಿ ಮುಂಬಯಿಯ ಸುತ್ತ ಹಲ್ಲಿ ವಂಶದ ಎಂಟು ಜಾತಿ ಹುಡುಕಬೇಕು, ಯಾವುದರ ವಾಸ ಎಲ್ಲಿ ಅಂತ ಫೋಟೊ ಸಮೇತ ಬರೆಯಬೇಕು.

"ಎಂಟಾ? ನಮ್ಮ ಮನೆಯ ಬಚ್ಚಲಲ್ಲೇ ಎಂಟುಂಟು" ಅಂದೆ, ಕೈಯಲ್ಲಿ ಆರು ತಟ್ಟೆ ಹಿಡಿದುಕೊಂಡೇ.

ಅಣ್ಣ ಕನ್ನಡಕ ಮೇಲೇರಿಸಿದರು. "ಹೌದಾ? ಹಾಗಾದರೆ ನಿನ್ನ ರಜೆ ದಿನ ಇವಳ ಜೊತೆ ನೀನೇ ಹೋಗು. ಎಂಟು ಆದರೆ ಖಾರ್ಘರ್ ಗಲ್ಲಾ ನಿನ್ನದು. ಏಳಾದರೆ ನೀನು ಇಲ್ಲೇ."

ತೊಗಟೆ ಎದ್ದು ಹೋಯಿತು

ಮೊದಲ ದಿನ ನಾನು ಹೋಟೆಲಿನಿಂದ ಹೊರಗೆ ಕಾಲಿಡಲೇ ಇಲ್ಲ. ಟ್ಯೂಬ್‌ಲೈಟಿನ ಹತ್ತಿರ ಎರಡು, ವಾಷ್ ಬೇಸಿನ್ ಮೇಲೆ ಮೂರು, ಕಿಟಕಿಯಲ್ಲಿ ಎರಡು, ಕ್ಯಾಲೆಂಡರ್ ಹಿಂದೆ ಒಂದು. "ಎಂಟು! ಅಣ್ಣ, ಗಲ್ಲಾದ ಕೀಲಿ ತೆಗೆಯಿರಿ!"

ಹುಡುಗಿ ನನ್ನನ್ನು ನೋಡಿದಳು, ಹಲ್ಲಿಗಳನ್ನು ನೋಡಿದಳು. "ದಾದಾ, ಯೇ ಸಬ್ ಏಕ್ ಹೀ ಜಾತಿ ಹೈ."

ಎಂಟೂ ಒಂದೇ ಜಾತಿಯಂತೆ! ಒಂದೇ ನಿಮಿಷದಲ್ಲಿ ಏಳು ಕಳಕೊಂಡೆ. ಆಮೇಲೆ ಅವಳೇ ಹಿತ್ತಿಲಿನ ಈರುಳ್ಳಿ ಚೀಲಗಳ ಸಂದಿಯಲ್ಲಿ ಇನ್ನೊಂದನ್ನು ತೋರಿಸಿದಳು. ಕಂದು ಮೈ, ಅದರ ಮೇಲೆ ಚುಕ್ಕೆ. ಅದು ನೆಲದ ಹತ್ತಿರ, ಇಟ್ಟಿಗೆ ಕಲ್ಲುಗಳ ರಾಶಿಯಲ್ಲಿ ಬದುಕುವುದಂತೆ. ಸರಿ, ಎರಡು. ಮೂರನೆಯದು ಮರದ ಕಾಂಡದ ಮೇಲೆ ಇರುತ್ತದೆ ಅಂತ ಹೇಳಿ ರಿಕ್ಷಾ ಸ್ಟ್ಯಾಂಡಿನ ದೊಡ್ಡ ಮರದ ಹತ್ತಿರ ಕರೆದುಕೊಂಡು ಹೋದಳು. ನಾನು ಕಾಂಡವನ್ನು ಸುತ್ತ ನೋಡಿದೆ. ನನ್ನ ಕಣ್ಣು ಅಂದರೆ ಗಿಡುಗನ ಕಣ್ಣು.

"ಇಲ್ಲಿ ಎಂತದೂ ಇಲ್ಲ, ಬರೀ ತೊಗಟೆ. ನೋಡು ಬೇಕಾದರೆ" ಅಂತ ಅಂಗೈಯಿಂದ ರಪ್ಪನೆ ಬಡಿದೆ. ಬಡಿದ ತೊಗಟೆ ಎದ್ದು, ನನ್ನ ಬೆರಳುಗಳ ಸಂದಿಯಿಂದ ಜಾರಿ, ಮೇಲಕ್ಕೆ ಓಡಿತು.

ಹುಡುಗಿ ಫೋಟೊ ತೆಗೆದಳು. ರಿಕ್ಷಾದವನು ಬಾಯಿಯ ಪಾನ್ ಉಗಿಯುವುದನ್ನೂ ಮರೆತು ಕೂಗಿದ: "ಭಾವೂ, ಝಾಡ್ ಪಳಾಲ!" ಮರ ಓಡಿಹೋಯಿತು ಅಂತ.

ಸೊಸೈಟಿಯ ಕಸರತ್ತು

ನಾಲ್ಕನೆಯದು ನನಗೆ ಗೊತ್ತಿದ್ದ ಓತಿಕ್ಯಾತ. ಠಾಣೆಯ ಘೋಡ್‌ಬಂದರ್ ರಸ್ತೆಯ ಒಂದು ಸೊಸೈಟಿಯ, ಅಂದರೆ ಫ್ಲಾಟುಗಳ ಕಟ್ಟಡದ, ತೋಟದಲ್ಲಿ, ಬೇಲಿಗಿಡದೊಳಗೆ ಕೂತಿತ್ತು. ಗಂಡು, ಕತ್ತು ಕೆಂಡದಂತೆ ಕೆಂಪು. ಆದರೆ ಹೊರಗೆ ಬರಲೊಲ್ಲದು.

"ನೀನು ಕ್ಯಾಮೆರಾ ಹಿಡಿ. ಇದನ್ನು ಹೊರಗೆ ತರುವ ವಿದ್ಯೆ ನಮ್ಮೂರಲ್ಲಿ ನನಗೊಬ್ಬನಿಗೇ ಗೊತ್ತು" ಅಂದೆ. ಓತಿ ಮುಂಗಾಲು ಊರಿ ಮೈ ಮೇಲೆ ಕೆಳಗೆ ಮಾಡುತ್ತದಲ್ಲ, ಅದು ಸವಾಲು: ಈ ಜಾಗ ನನ್ನದು, ಬಾ ನೋಡುವಾ ಅಂತ. ನಾನು ಅದರೆದುರು ಹುಲ್ಲಿನ ಮೇಲೆ ಅಂಗಾತ ಅಲ್ಲ, ಬೋರಲು ಬಿದ್ದೆ. ಕೈ ಊರಿ ದಂಡ ಹೊಡೆದೆ. ಐದು ಹೊಡೆದೆ, ಅದೂ ಐದು ಹೊಡೆಯಿತು. ಹತ್ತು ಹೊಡೆದೆ, ಬೇಲಿಯಿಂದ ತಲೆ ಹಾಕಿತು. ಇಪ್ಪತ್ತಕ್ಕೆ ಪೂರ್ತಿ ಹೊರಗೆ ಬಂದು ನನ್ನ ಮೂಗಿನ ಎದುರು ಎದೆಯುಬ್ಬಿಸಿತು. ಕ್ಯಾಮೆರಾ ಕ್ಲಿಕ್ ಅಂದಿತು.

ಗೆದ್ದ ಖುಷಿಯಲ್ಲಿ ಎದ್ದು ತಿರುಗಿದರೆ, ನನ್ನ ಹಿಂದೆ ಹುಲ್ಲಿನ ಮೇಲೆ ಸಾಲಾಗಿ ಆರು ಮಂದಿ ಹಿರಿಯರು, ಸ್ಪೋರ್ಟ್ಸ್ ಶೂ ಹಾಕಿಕೊಂಡು, ಕೈ ಊರಿ, ಅರ್ಧ ದಂಡದಲ್ಲಿ ನಡುಗುತ್ತಾ ನಿಂತಿದ್ದಾರೆ. ನನ್ನೆದುರಿನ ಓತಿ ಅವರಿಗೆ ಕಂಡಿರಲಿಲ್ಲ, ನಾನು ಮಾತ್ರ ಕಂಡಿದ್ದೆ. ಅವರಲ್ಲಿ ಎಲ್ಲರಿಗಿಂತ ದಪ್ಪಗಿದ್ದವರು ಮುಖ ಎತ್ತಿ ಕೇಳಿದರು: "ಸರ್, ಸಾಂಸ್ ಕಬ್ ಛೋಡ್ನೇ ಕಾ?" ಉಸಿರು ಯಾವಾಗ ಬಿಡುವುದು ಅಂತ.

ಅರಣೆಯ ಮರೆವು

ಕಲ್ಯಾಣದಲ್ಲಿ ಹಳೇ ಕ್ವಾರ್ಟರ್ಸ್ ಹಿಂದೆ ಒದ್ದೆ ತರಗೆಲೆಗಳ ರಾಶಿ. ಅಲ್ಲಿ ಅರಣೆ ಇರಬೇಕು ಅಂತ ಹುಡುಗಿಯ ಅಂದಾಜು. ಕೆಲವರು ಹಾವುರಾಣಿ ಅನ್ನುತ್ತಾರಲ್ಲ, ಎಣ್ಣೆ ಹಚ್ಚಿದ ಹಾಗೆ ಮಿರಮಿರ ಮಿಂಚುವುದು, ಅದೇ.

ನಮ್ಮ ಕಡೆ ಒಂದು ನಂಬಿಕೆ. ಅರಣೆ ಕಚ್ಚಿದರೆ ಮನುಷ್ಯ ಅಲ್ಲೇ ಸತ್ತ. ಆದರೆ ಅದಕ್ಕೆ ಮರೆವು ಜಾಸ್ತಿ. ಕಚ್ಚಲಿಕ್ಕೆ ಅಂತ ಹೊರಟು, ಅರ್ಧ ದಾರಿಯಲ್ಲಿ ಎಂತಕ್ಕೆ ಹೊರಟದ್ದು ಅಂತ ಮರೆತು ನಿಲ್ಲುತ್ತದೆ. ನಾವೆಲ್ಲ ಬದುಕಿರುವುದು ಹಾಗಾಗಿ. ಇದನ್ನು ನಾನು ಅವಳಿಗೆ ವಿವರವಾಗಿ ಹೇಳಿದೆ.

"ದಾದಾ, ಉಸ್ಮೇ ಜಹರ್ ಹೈ ಹೀ ನಹೀ" ಅಂದಳು ಅವಳು, ತರಗೆಲೆ ಸರಿಸುತ್ತಾ. ವಿಷವೇ ಇಲ್ಲವಂತೆ, ಪಾಪದ ಪ್ರಾಣಿಯಂತೆ.

"ನನಗೆ ಹೆದರಿಕೆ ಅಂತ ಯಾರು ಹೇಳಿದರು? ನಮ್ಮ ತೋಟದಲ್ಲಿ ನಾನು ಇದನ್ನು..." ಅನ್ನುವಷ್ಟರಲ್ಲಿ ರಾಶಿಯೊಳಗಿಂದ ಅದು ಸರ್ರನೆ ನನ್ನ ಚಪ್ಪಲಿಯ ಕಡೆಗೇ ಬಂತು.

ಹುಡುಗಿ ಶಾಂತವಾಗಿ ಫೋಟೊ ತೆಗೆದಳು. ಐದು ಅಂತ ಪುಸ್ತಕದಲ್ಲಿ ಗುರುತು ಹಾಕಿದಳು. ಆಮೇಲೆ ಸುತ್ತ ಹುಡುಕಿ, ಕತ್ತೆತ್ತಿ, ನೀರಿನ ಟಾಂಕಿಯ ಮೇಲಿದ್ದ ನನ್ನನ್ನು ಕೇಳಿದಳು: "ಆಪ್ ಊಪರ್ ಕಬ್ ಚಢೇ?" ಮೇಲೆ ಯಾವಾಗ ಹತ್ತಿದಿರಿ ಅಂತ.

"ಅದೇ, ನನಗೂ ಮರೆತುಹೋಗಿದೆ" ಅಂದೆ.

ಸ್ಕೂಟರಿನ ನೆರಳು

ಆರನೆಯದು ಅಂಬರನಾಥದ ಆಚೆ, ಬೋಳು ಬಯಲಿನಲ್ಲಿ ಸಿಕ್ಕಿತು. ಬೆರಳುದ್ದದ ಪ್ರಾಣಿ, ಕಲ್ಲಿನ ಮೇಲೆ ನಿಂತು ಗಂಟಲಿನ ಕೆಳಗೆ ಒಂದು ಬಣ್ಣದ ಬೀಸಣಿಗೆ ಬಿಚ್ಚುತ್ತದೆ, ಮಡಚುತ್ತದೆ. ಮೇ ತಿಂಗಳ ಬಿಸಿಲಲ್ಲಿ ಎರಡು ಗಂಟೆ ಅದರೆದುರು ಬೆವರುತ್ತಾ ಕೂತೆವು. ಬೀಸಣಿಗೆ ಇದ್ದದ್ದು ಅದಕ್ಕೊಂದಕ್ಕೇ.

ಏಳನೆಯದಕ್ಕೆ ಅಣ್ಣನ ಸ್ಕೂಟರ್ ಕೇಳಿ ಪಡೆದು ಬೇಲಾಪುರದ ಖಾಡಿಯ, ಅಂದರೆ ಸಮುದ್ರದ ಹಿನ್ನೀರಿನ, ಹತ್ತಿರ ಹೋದೆವು. ಅಲ್ಲಿ ಮೊದಲೇ ಜನ ಗುಂಪು ಕಟ್ಟಿ "ಮಗರ್! ಮಗರ್!" ಅಂತ ಕೂಗುತ್ತಿದ್ದರು. ಮೊಸಳೆಯಲ್ಲ ಮಾರಾಯ್ರೆ, ಉಡ! ಕಾಂಡ್ಲಾ ಗಿಡಗಳ ಕೆಸರಿನಿಂದ ಎದ್ದು ರಸ್ತೆಗೆ ಬಂದಿತ್ತು, ನನ್ನ ತೋಳಿನಷ್ಟು ದಪ್ಪ. "ಸರಿಯಿರಿ ಎಲ್ಲರೂ! ಊರಲ್ಲಿ ನಾನು ಇದರ ಬಾಲ ಹಿಡಿದು ತಿರುಗಿಸಿದವ" ಅಂತ ತೋಳು ಏರಿಸಿದೆ.

"ದಾದಾ, ಮುಟ್ಟಿದರೆ ಜೈಲು" ಅಂದಳು ಹುಡುಗಿ. ಅಷ್ಟನ್ನು ಮಾತ್ರ ಶುದ್ಧ ಕನ್ನಡದಲ್ಲಿ ಹೇಳಿದಳು. ನಾನು ತೋಳು ಇಳಿಸಿದೆ. ಉಡ ನನ್ನನ್ನು ಒಮ್ಮೆ ನೋಡಿ, ನಾಲಿಗೆ ಚಾಚಿ, ಸಾವಕಾಶ ನಡೆದು ಅಣ್ಣನ ಸ್ಕೂಟರಿನ ಅಡಿಯ ನೆರಳಲ್ಲಿ ಮಲಗಿತು. ಅರಣ್ಯ ಇಲಾಖೆಗೆ ಫೋನ್ ಮಾಡಿದೆವು, ಬರುತ್ತೇವೆ ಅಂದರು. ಅಷ್ಟರಲ್ಲಿ ಅಣ್ಣನ ಫೋನ್.

"ಎಲ್ಲಿದ್ದೀಯಾ? ತೆಂಗಿನಕಾಯಿ ಮುಗಿದಿದೆ, ಗಾಡಿ ತಾ!"

"ಅಣ್ಣ, ಗಾಡಿಯ ಅಡಿಯಲ್ಲಿ ಉಡ ಮಲಗಿದೆ. ಏಳುವುದಿಲ್ಲ."

ಅಣ್ಣ ಹೇಳಿದರು: "ಹಾಗಾದರೆ ಅದರ ಕೈಗೇ ಕೀಲಿ ಕೊಡು. ನಿನಗಿಂತ ಬೇಗ ತರುತ್ತದೆ."

ತಲೆಯಿಂದ ಕಿವಿಗೆ

ಏಳು ಆಯಿತು. ಎಂಟನೆಯದಕ್ಕೆ ನಾವು ಹತ್ತದ ಗುಡ್ಡವಿಲ್ಲ, ಬಗ್ಗಿ ನೋಡದ ಪೊಟರೆಯಿಲ್ಲ. ಮರುದಿನ ಪ್ರಾಜೆಕ್ಟ್ ಕೊಡಬೇಕು ಅನ್ನುವಾಗ ಖಾರ್ಘರ್ ಬ್ರಾಂಚಿನ ಪೂಜೆ ಬಂತು.

ಹೊಸ ಹೋಟೆಲಿನ ಬೆನ್ನಿಗೇ ಗುಡ್ಡ, ಬಂಡೆಗಳ ಗುಡ್ಡ. ಭಟ್ಟರು ಮಂತ್ರ ಶುರು ಮಾಡಿದ್ದರು. ಅಣ್ಣನ ತಾಯಿ, ನಮಗೆಲ್ಲ ಅಜ್ಜಿ, ಮೊದಲ ಸಾಲಿನಲ್ಲಿ ಕೂತಿದ್ದರು. ನಾನು ಒಂದು ನಿಮಿಷ ಕೂತು ನೋಡುವಾ ಅಂತ ಗಲ್ಲಾದ ಕುರ್ಚಿಯಲ್ಲಿ ಕೂತೆ. ಅಷ್ಟೇ. ಮೇಲೆ ತೋರಣಕ್ಕೆ ಮೊಳೆ ಹೊಡೆಯುತ್ತಿದ್ದರು. ಧೊಪ್ಪನೆ ನನ್ನ ತಲೆಯ ಮೇಲೆ ಏನೋ ಬಿತ್ತು. ತಣ್ಣಗೆ, ಭಾರವಾಗಿ, ಇಪ್ಪತ್ತು ಬೆರಳುಗಳ ಸಮೇತ.

"ಅಯ್ಯೋ, ಹಲ್ಲಿ!" ಅಜ್ಜಿ ಚೀಲದಿಂದ ಪಂಚಾಂಗ ತೆಗೆದೇಬಿಟ್ಟರು. "ತಲೆ... ತಲೆ... ಕಲಹ!"

"ಏಳೋ ಅಲ್ಲಿಂದ!" ಅಂದರು ಅಣ್ಣ. "ಮೊದಲ ದಿನವೇ ಗಲ್ಲಾದಲ್ಲಿ ಕಲಹವಾ?"

"ದಾದಾ, ಹಲೂ ನಕಾ!" ಹುಡುಗಿ ಕಿರುಚಿದಳು, ಅಲುಗಾಡಬೇಡಿ ಅಂತ. "ಇದು ಮನೆ ಹಲ್ಲಿ ಅಲ್ಲ. ಬಂಡೆ ಸಂದಿಯ ದೊಡ್ಡ ಹಲ್ಲಿ. ಎಂಟನೇದು!" ಅವಳ ಫೋನ್ ಚೀಲದ ತಳದಲ್ಲಿತ್ತು.

ಎದ್ದರೆ ಎಂಟನೆಯದು ಹೋಗುತ್ತದೆ, ಕೂತರೆ ಅಣ್ಣನ ದಯೆ ಹೋಗುತ್ತದೆ. ನಾನು ಕಲ್ಲಿನ ಹಾಗೆ ಕೂತೆ. ಹಲ್ಲಿ ಕೆಳಗಿಳಿಯಿತು.

"ಹಣೆ! ಬಂಧುಗಳ ದರ್ಶನ" ಓದಿದರು ಅಜ್ಜಿ.

"ಅಡ್ಡಿಯಿಲ್ಲ, ಕೂರು" ಅಂದರು ಅಣ್ಣ.

"ಮೂಗು! ರೋಗ!"

"ಏಳೋ!"

"ಎಡಕಿವಿ! ವ್ಯಾಪಾರದಲ್ಲಿ ಲಾಭ!"

"ಕೂರೋ, ಕೂರೋ! ಯಾರೂ ಅದನ್ನು ಎಬ್ಬಿಸಬೇಡಿ! ಭಟ್ಟರೇ, ಗಂಟೆ ನಿಲ್ಲಿಸಿ!"

ಹಲ್ಲಿ ನನ್ನ ಎಡಕಿವಿಯಲ್ಲಿ ನೆಲೆ ನಿಂತಿತು. ಮಂತ್ರ ನಿಂತಿತು, ಮೊಳೆ ಹೊಡೆಯುವುದು ನಿಂತಿತು, ನನ್ನ ಉಸಿರೂ ನಿಂತಿತು. ಅದರ ಬಾಲದ ತುದಿ ಮಾತ್ರ ಆಡುತ್ತಾ ಆಡುತ್ತಾ ಸೀದಾ ನನ್ನ ಮೂಗಿನ ಹೊಳ್ಳೆಗೆ ಬಂತು. ನಾನು ಸೀನಿದೆ. ಅಂಥಿಂಥ ಸೀನಲ್ಲ, ಹೂವಿನ ಬುಟ್ಟಿ ಉರುಳಿತು. ಹಲ್ಲಿ ಹಾರಿ ಗೋಡೆಗೆ ಅಂಟಿತು, ಅದೇ ಕ್ಷಣಕ್ಕೆ ಹುಡುಗಿಯ ಫೋನ್ ಕ್ಲಿಕ್ ಅಂದಿತು.

"ಒಂಟಿ ಸೀನು!" ಅಜ್ಜಿ ಎದೆ ಹಿಡಿದುಕೊಂಡರು. ನಾನು ತಕ್ಷಣ ಊದುಬತ್ತಿಗೆ ಮೂಗು ಒಡ್ಡಿ ಎರಡನೆಯದನ್ನೂ ಸೀನಿ ಲೆಕ್ಕ ಸರಿ ಮಾಡಿದೆ.

"ಅಜ್ಜಿ, ಪಂಚಾಂಗದಲ್ಲಿ ಮನೆ ಹಲ್ಲಿಯ ಫಲ ಇರುವುದು. ಇದು ಬಂಡೆಯದ್ದು, ಜಾತಿ ಬೇರೆ. ಇದಕ್ಕೆ ಫಲವೇ ಇಲ್ಲ" ಅಂತ ಎದೆ ತಟ್ಟಿ ವಾದಿಸಿದೆ.

"ಹಲ್ಲಿಗೆ ನೂರು ಜಾತಿ ಇರಲಿ ಮಾಣಿ" ಅಂದರು ಅಜ್ಜಿ, "ಬಿದ್ದ ತಲೆ ಒಂದೇ ಅಲ್ಲವಾ?" ಆಮೇಲೆ ಮಗನ ಕಡೆ ತಿರುಗಿದರು. "ಎಂಟು ಆಗಿದೆ, ಮಾತು ತಪ್ಪಬಾರದು. ಕಲಹವೂ ಬರೆದಿದೆ, ಲಾಭವೂ ಬರೆದಿದೆ. ಗಿರಾಕಿ ಇಲ್ಲದ ಹೊತ್ತಿನಲ್ಲಿ ಕೂರಿಸು ಇವನನ್ನು. ಜನವೇ ಇಲ್ಲದಿದ್ದರೆ ಕಲಹ ಯಾರ ಹತ್ತಿರ ಮಾಡುತ್ತಾನೆ?"

ಹೀಗೆ ನನಗೆ ಸಿಕ್ಕಿದ್ದು ಖಾರ್ಘರ್ ಬ್ರಾಂಚಿನ ಗಲ್ಲಾ, ಮಧ್ಯಾಹ್ನ ಮೂರರಿಂದ ನಾಲ್ಕೂವರೆಯವರೆಗೆ.