ನಿಮಿಷಕ್ಕೆ ನಲವತ್ತೆರಡು ಹನಿ

ಬಣ್ಣದ ಕಾರ್ಖಾನೆಯ ಕೊಳಾಯಿಯು ನಿಮಿಷಕ್ಕೆ ನಲವತ್ತೆರಡು ಹನಿಯಂತೆ ಸೋರತಕ್ಕದ್ದು ಎಂಬುದು ನ್ಯಾಯಾಲಯದ ಆದೇಶ. ನಲವತ್ತೊಂದಾದರೆ ನ್ಯಾಯಾಂಗ ನಿಂದನೆ, ನಲವತ್ತಮೂರಾದರೆ ಅಧಿಕಪ್ರಸಂಗ.

ನಾನು ನೀರು ಸರಬರಾಜು ಕಚೇರಿಯ ಕೈಗಾರಿಕಾ ಶುಲ್ಕ ವಿಭಾಗದ ಗುಮಾಸ್ತ. ಇಪ್ಪತ್ತಾರು ವರ್ಷದಿಂದ ಇದೇ ಕುರ್ಚಿ. ನಡೆದದ್ದನ್ನು ನಡೆದ ಹಾಗೇ ಹೇಳುತ್ತೇನೆ, ನಗುವವರು ಹೊರಗೆ ಹೋಗಿ ನಗಬಹುದು.

ನೂಲಿಗೆ ಬಣ್ಣ ಹಾಕುವ ಆ ಕಾರ್ಖಾನೆಯ ಒಡತಿ ಎಲ್ಲರ ಬಾಯಲ್ಲೂ ಬಣ್ಣದಕ್ಕ. ಆರು ತೊಟ್ಟಿ, ಹನ್ನೊಂದು ಜನ ಕೆಲಸಗಾರರು, ಒಂದು ಕೊಳಾಯಿ. ಆ ಕೊಳಾಯಿಯ ನಟ್ಟು ಸಡಿಲವಾಗಿ ನೀರು ಸೋರಿತು. ನಟ್ಟು ಕೂರಿಸಿದ್ದು ನಮ್ಮ ಕಚೇರಿಯಾದ್ದರಿಂದ ಸೋರಿದ್ದಕ್ಕೆ ತಾನು ದುಡ್ಡು ಕೊಡುವುದಿಲ್ಲ ಎಂದು ಆಕೆ ಅಷ್ಟನ್ನು ಕಳೆದು ಉಳಿದ ಬಿಲ್ಲು ಕಟ್ಟಲು ಬಂದರು. ಅರೆಬರೆ ಬಿಲ್ಲು ತೆಗೆದುಕೊಳ್ಳುವ ಪದ್ಧತಿ ನಮ್ಮಲ್ಲಿಲ್ಲ. ಕಟ್ಟಲು ಬಂದವರನ್ನು ವಾಪಸ್ ಕಳಿಸಿ, ಕಟ್ಟಲಿಲ್ಲವೆಂದು ಪೂರ್ತಿ ಮೊತ್ತಕ್ಕೆ ವಿಳಂಬ ಶುಲ್ಕ ಹಾಕಿದೆವು. ಮುಂದಿನ ತಿಂಗಳು ಆ ಶುಲ್ಕವೂ ತಡವಾಯಿತೆಂದು ಅದಕ್ಕೂ ಹಾಕಿದೆವು. ಆಕೆ ಕೋರ್ಟಿಗೆ ಹೋದರು.

ತೀರ್ಪು ಬರುವ ತನಕ ಯಥಾಸ್ಥಿತಿ ಕಾಪಾಡಬೇಕೆಂದು ನ್ಯಾಯಾಧೀಶರು ಹೇಳಿದರು. ಆ ಸ್ಥಿತಿ ಯಾವುದೆಂದು ನೋಡಲು ಬಂದ ಕೋರ್ಟ್ ಕಮಿಷನರು ಕೊಳಾಯಿಯ ಮುಂದೆ ಕುಕ್ಕರಗಾಲಲ್ಲಿ ಕೂತು, ಗಡಿಯಾರ ನೋಡುತ್ತಾ ಹನಿ ಎಣಿಸಿ, ನಲವತ್ತೆರಡು ಎಂದು ಬರೆದುಕೊಂಡು ಹೋದರು.

“ಒಂದ್ಸಲ ಸ್ಪ್ಯಾನರ್ ತಿರುಗಿಸಿದ್ರೆ ನಿಂತೋಗುತ್ತಲ್ಲ ಸಾರ್,” ಎಂದು ಸೂಚನಾ ಪತ್ರ ಕೊಡಲು ಹೋಗಿದ್ದ ನನ್ನನ್ನು ಕೇಳಿದರು ಬಣ್ಣದಕ್ಕ.

“ನಿಂತೋಗುತ್ತೆ ಅಕ್ಕಾ. ಅದಕ್ಕೇ ತಿರುಗಿಸೋ ಹಾಗಿಲ್ಲ.”

“ತುಕ್ಕು ಹಿಡಿದು ತಾನಾಗೇ ನಿಂತ್ರೆ?”

“ತುಕ್ಕಿನ ಪರವಾಗಿ ನೀವು ಜೈಲಿಗೆ ಹೋಗಬೇಕಾಗುತ್ತೆ.”

ಪಾಪ, ಆಕೆ ಕೈಯಲ್ಲಿದ್ದ ಸ್ಪ್ಯಾನರನ್ನು ಕೈಚೀಲಕ್ಕೆ ಹಾಕಿಕೊಂಡರು. ಆದರೂ ಸೂಚನಾ ಪತ್ರ ಕೊಟ್ಟು ಸಹಿ ಹಾಕಿಸಿಕೊಂಡೆ:

“ಹನಿಗಳನ್ನು ಎಲ್ಲ ವೇಳೆಯಲ್ಲೂ ಎಣಿಸತಕ್ಕದ್ದು. ಎಣಿಸುವವರು ಕಣ್ಣು ಮಿಟುಕಿಸುವಾಗ ಇನ್ನೊಬ್ಬರು ನೋಡತಕ್ಕದ್ದು. ಸೀನು ಬರುವುದಿದ್ದಲ್ಲಿ ಮೂರು ದಿನ ಮುಂಚಿತವಾಗಿ ಅರ್ಜಿ ಸಲ್ಲಿಸತಕ್ಕದ್ದು.”

ಇಬ್ಬರು ತೊಟ್ಟಿ ಬಿಟ್ಟು ಎಣಿಕೆಗೆ ಕೂತರು. ಇಬ್ಬರ ಎಣಿಕೆ ತಾಳೆಯಾಗದೆ ಮೂರನೆಯವನೂ ಕೂತ. ಅಷ್ಟರಲ್ಲಿ ಬಿಲ್ಲು ಬಾಕಿಯಿದ್ದ ಕಾರಣ, ನಿಯಮದಂತೆ, ನಾವು ಕಾರ್ಖಾನೆಯ ನೀರು ನಿಲ್ಲಿಸಿದೆವು. ತೊಟ್ಟಿಗಳು ಒಣಗಿದವು. ಅದರ ಜೊತೆಗೆ ಕೊಳಾಯಿಯೂ ಒಣಗಿದಾಗ ಎರಡೂ ಕಡೆಯವರು ಕೋರ್ಟಿಗೆ ಓಡಿದೆವು. ಕೋರ್ಟು ಅಂದೇ ಆದೇಶ ಹೊರಡಿಸಿತು. ಒಡತಿಯು ಟ್ಯಾಂಕರ್ ನೀರು ತರಿಸಿ ಕೊಳಾಯಿ ಸೋರಿಸತಕ್ಕದ್ದು, ಎಣಿಸುವವರ ಸಂಬಳ ಸಮೇತ ಖರ್ಚನ್ನು ಕಚೇರಿ ಭರಿಸತಕ್ಕದ್ದು. ತೊಟ್ಟಿಯಲ್ಲಿ ಕೆಲಸವಿಲ್ಲದೆ ಕೂತಿದ್ದ ಉಳಿದ ಎಂಟು ಜನರೂ ಪಾಳಿಯ ಮೇಲೆ ಎಣಿಕೆಗೆ ಬಂದರು.

ನಾವು ಹೊತ್ತಿಗೆ ಸರಿಯಾಗಿ ಹಣ ಕೊಟ್ಟದ್ದುಂಟೆ? ಆರು ತಿಂಗಳು ತಡವಾಯಿತು. ಬಣ್ಣದಕ್ಕ ನಮ್ಮದೇ ನಮೂನೆಯಲ್ಲಿ, ನಮ್ಮದೇ ದರದಲ್ಲಿ ನಮಗೆ ವಿಳಂಬ ಶುಲ್ಕ ಹಾಕಿ ಕಳಿಸಿದರು. ಸಾಹೇಬರು ಅದನ್ನು ಎರಡು ಸಲ ಓದಿ, “ಲೆಕ್ಕ ಚೊಕ್ಕವಾಗಿದೆ ಕಣ್ರೀ,” ಎಂದು ಮೆಚ್ಚಿಕೊಂಡರು. ಆಮೇಲೆ ನಮ್ಮ ಶುಲ್ಕ ಅವರಿಗೆ, ಅವರ ಶುಲ್ಕ ನಮಗೆ. ಇದನ್ನು ನೋಡಿಕೊಳ್ಳಲು ನಮ್ಮ ವಿಭಾಗದಲ್ಲೇ ಹೊಸ ಶಾಖೆ ತೆರೆದು, ಕುರ್ಚಿ ಬದಲಿಸದೆ ನನಗೆ ಬಡ್ತಿ ಕೊಟ್ಟರು. ಬಣ್ಣದಕ್ಕ ಮಾತ್ರ ಪ್ರತಿ ತಿಂಗಳು ನನ್ನ ಮೇಜಿನ ಮುಂದೆ ನಿಂತು ಒಂದೇ ಮಾತು ಕೇಳುತ್ತಿದ್ದರು. “ನನ್ನ ತೊಟ್ಟಿ ಯಾವಾಗ ಶುರುವಾಗುತ್ತೆ ಸಾರ್?”

ಒಂಬತ್ತನೇ ವರ್ಷ ತೀರ್ಪು ಬಂತು. ಬಣ್ಣದಕ್ಕ ಗೆದ್ದರು. ಶುಲ್ಕವೆಲ್ಲ ರದ್ದು, ನೀರು ವಾಪಸ್, ನಟ್ಟು ಬಿಗಿಯಲು ಅನುಮತಿ. ಆದೇಶ ಜಾರಿಯಾಗುವುದನ್ನು ನೋಡಲು ನಾನೇ ಹೋದೆ. ಆಕೆ ಸ್ಪ್ಯಾನರ್ ಹಿಡಿದು ಕೊಳಾಯಿಯ ಮುಂದೆ ಬಗ್ಗಿದರು. ಹನ್ನೊಂದು ಜನ ಸುತ್ತ ನಿಂತು ನೋಡುತ್ತಿದ್ದರು.

“ಏನ್ರೋ ನೋಡ್ತಾ ನಿಂತಿದ್ದೀರಿ? ತೊಟ್ಟಿ ತೊಳೀರಿ. ನಾಳೆಯಿಂದ ಬಣ್ಣ.”

ಮೇಸ್ತ್ರಿ ತಲೆ ಕೆರೆದುಕೊಂಡ. “ಯಾವ ಬಣ್ಣಕ್ಕೆ ಎಷ್ಟು ಕಾವು ಅನ್ನೋದು ನಮಗ್ಯಾರಿಗೂ ನೆನಪಿಲ್ಲ ಅಕ್ಕಾ. ನಿಮಗಿದ್ಯಾ?”

“ನೀಲಿಗೆ...” ಎಂದು ಬಣ್ಣದಕ್ಕ ನಿಲ್ಲಿಸಿದರು. “ಕೆಂಪಿಗೆ...” ಎಂದರು. ಹನಿ ಬೀಳುತ್ತಲೇ ಇತ್ತು. ಹನ್ನೊಂದು ಜನರ ತುಟಿಗಳು ಅಭ್ಯಾಸಬಲದಿಂದ ಅಲ್ಲಾಡುತ್ತಿದ್ದವು. ನೋಡುತ್ತೇನೆ, ಆಕೆಯ ತುಟಿಯೂ ಅಲ್ಲಾಡುತ್ತಿತ್ತು.

ಆಕೆ ಸ್ಪ್ಯಾನರನ್ನು ನನ್ನ ಕೈಗೆ ಕೊಟ್ಟರು.

“ಸಾರ್, ಸೋತವರು ನೀವು. ಮೇಲಿನ ಕೋರ್ಟಿಗೆ ಹೋಗಲ್ವಾ?”

“ಹೋಗಬಹುದು ಅಕ್ಕಾ. ಆದ್ರೆ ಅರ್ಜಿ ಶುಲ್ಕ ಮಂಜೂರಾಗೋದು ತಡ ಆಗುತ್ತೆ.”

ಆಕೆ ಕೈಚೀಲ ತೆರೆದು ಆ ಶುಲ್ಕವನ್ನು ತಾವೇ ಕೊಟ್ಟರು. ನಾನು ರಸೀದಿ ಬರೆದೆ. ಮಧ್ಯಾಹ್ನದ ಪಾಳಿಯವರು ಸ್ಟೂಲು ಎಳೆದುಕೊಂಡು ಕೂತರು.