ಕೆಂಪು ಗುಂಡಿ ಒತ್ತಿದ ಮೇಲೆ

ಮನುಷ್ಯರ ನಡುವೆ ಒಂದು ಯಂತ್ರ ಬಂದು ಕೂತರೆ ಸಾಕು, ಮನುಷ್ಯರೇ ಎದ್ದು ಜಾಗ ಬಿಟ್ಟುಕೊಡುತ್ತಾರೆ. ಈಗ ದೂರದ ನಾಗಪುರದಲ್ಲಿ ಕೂತು ನಮ್ಮ ಮಂಗಳೂರನ್ನು ನೆನೆದರೂ ನನಗೆ ಆ ಸಿಟ್ಟು ಇಳಿದಿಲ್ಲ. ನಡುನಡುವೆ ನಗು ಬಂದರೆ ಅದು ನನ್ನ ತಪ್ಪಲ್ಲ.

ಎಂಬತ್ತರ ದಶಕ. ಮಂಗಳೂರಿನ ಬಿಜೈಯಲ್ಲಿ ನಮ್ಮ ಪಕ್ಕದ ಮನೆಯವಳ ಮಗ ದುಬಾಯಿಯಲ್ಲಿದ್ದ. ರಜೆಗೆ ಬಂದವನು ಒಂದು ಟೇಪ್ ರೆಕಾರ್ಡರ್ ತಂದಿಟ್ಟು ಹೋದ. ಅಂದಿನಿಂದ ಕಾಗದ ಬರೆಯುವುದು ನಿಂತಿತು. ಮಾತನ್ನೆಲ್ಲ ಕ್ಯಾಸೆಟ್ಟಿಗೆ ತುಂಬಿಸಿ, ಆ ಕಡೆ ಹೋಗುವವರ ಕೈಯಲ್ಲಿ ಕಳುಹಿಸುವುದು.

ನೆರೆಕರೆ

ಒಂದು ಮಧ್ಯಾಹ್ನ ಬಿಸಿ ಪತ್ರೊಡೆ ತೆಗೆದುಕೊಂಡು ಹೋದೆ. ಬಾಗಿಲು ತೆರೆದವಳು ತುಟಿಯ ಮೇಲೆ ಬೆರಳಿಟ್ಟಳು. ಒಳಗೆ ಯಂತ್ರ ತಿರುಗುತ್ತಿತ್ತು. ಅದರತ್ತ ಬಗ್ಗಿ, "ನೆರೆಕರೆಯವರು ತುಂಬ ಒಳ್ಳೆಯವರು ಮಗಾ, ಯಾವಾಗಲೂ ಬಂದು ಮಾತಾಡಿಸ್ತಾರೆ" ಎನ್ನುತ್ತಾ ನನಗೆ ಕೈಸನ್ನೆ ಮಾಡಿದಳು: ಹೋಗಿ, ಹೋಗಿ!

ಪತ್ರೊಡೆ ಮಾತ್ರ ಒಳಗಿಟ್ಟುಕೊಂಡಳು.

ಮದುಮಗಳ ಅಳು

ಅವಳ ಮಗಳ ಮದುವೆಗೆ ದುಬಾಯಿಯ ಅಣ್ಣನಿಗೆ ರಜೆ ಸಿಗಲಿಲ್ಲ. ಅವನಿಗೆ ಕೇಳಿಸಲೆಂದು ಸೋದರಮಾವ ಟೇಪ್ ಹಿಡಿದು ನಿಂತಿದ್ದರು. ಮಗಳನ್ನು ಕಳುಹಿಸುವ ಹೊತ್ತಿಗೆ ತಾಯಿ, ಮಗಳು ತಬ್ಬಿಕೊಂಡು ಅತ್ತರು. ನಾವೂ ಅತ್ತೆವು. ಹುಡುಗಿ ಕಾರು ಹತ್ತಿ ಕೂತದ್ದೂ ಆಯಿತು. ಆಗ ಮಾವನ ಬೊಬ್ಬೆ: "ಇಳಿ, ಇಳಿ! ಗುಂಡಿ ಒತ್ತಲೇ ಇಲ್ಲ. ಇನ್ನೊಮ್ಮೆ ಅಳಿ!"

"ಅಳುವುದಕ್ಕೂ ಸ್ವಿಚ್ಚಾ? ನಿಮಗೆ ಮಂಡೆ ಉಂಟಾ?" ಎಂದು ರೇಗಿದೆ. ಯಾರು ಕೇಳುತ್ತಾರೆ? ಎರಡನೇ ಸಲ ತಾಯಿಗೆ ಕೆಮ್ಮು ಬಂತು, ಮಗಳಿಗೆ ನಗು ಬಂತು. ನಿಜವಾಗಿ ಅಳುವ ಹಾಗಿದ್ದವನು ಮದುಮಗ ಒಬ್ಬನೇ. ಅವನ ಮನೆಯಲ್ಲಿ ಹೊಸ್ತಿಲು ದಾಟುವ ಮುಹೂರ್ತ ಮೀರುತ್ತಿತ್ತು.

ಮಗ ಬಂದ

ಅಂತೂ ಮರುವರ್ಷ ಮಗ ರಜೆಯಲ್ಲಿ ಬಂದ. ನಾಲ್ಕು ದಿನ ಬಿಟ್ಟು ನಮ್ಮ ಜಗಲಿಯಲ್ಲಿ ಮುಖ ಸಣ್ಣ ಮಾಡಿ ಕೂತ. "ದೊಡ್ಡಮ್ಮ, ಅಮ್ಮ ಮೀನು ಕಾಯಿಸಿ ಬಡಿಸ್ತಾರೆ, ಮಾತೇ ಆಡುವುದಿಲ್ಲ. ನನ್ನ ಮೇಲೆ ಸಿಟ್ಟಾ ಎಂತ?"

ನನಗೆ ತಡೆಯಲಾಗಲಿಲ್ಲ. ಅವನ ಕೈ ಹಿಡಿದು ಕರೆದೊಯ್ದು ಅವಳೆದುರು ಕೂರಿಸಿದೆ. "ಮಗ ಕಣ್ಣೆದುರೇ ಇದ್ದಾನಲ್ಲ ಮಾರಾಯ್ತಿ, ಮಾತಾಡು!"

ಅವಳು ಸೆರಗಿನ ಅಂಚು ತಿರುಚಿದಳು. "ಎಂತ ಮಾತಾಡುವುದು ಅಕ್ಕ? ಹೀಗೆ ಎದುರು ಕೂತರೆ ಒಂದೂ ನೆನಪಾಗುವುದಿಲ್ಲ."

ಮಗ ಬೇರೆ ದಾರಿ ಕಾಣದೆ ಯಂತ್ರವನ್ನು ಎಳೆದುಕೊಂಡು ಕೆಂಪು ಗುಂಡಿ ಒತ್ತಿದ. ಅವಳು ನೆಟ್ಟಗೆ ಕೂತಳು. ಗಂಟಲು ಸರಿಮಾಡಿಕೊಂಡು ಯಂತ್ರಕ್ಕೆ ಹೇಳಿದಳು: "ಮಗಾ, ಸೌಖ್ಯವಾ? ತುಂಬ ಬಚ್ಚಿ ಸುಸ್ತಾಗಿದ್ದಿ ಅಂತ ಕಾಣ್ತದೆ. ನೀನಿಲ್ಲದೆ ಹೊತ್ತೇ ಹೋಗುವುದಿಲ್ಲ ಮಗಾ. ಒಮ್ಮೆ ಬಂದು ಮುಖ ತೋರಿಸಿ ಹೋಗು..." ಕಣ್ಣೀರು ಧಾರಾಕಾರ.

ಮಗನ ಕಣ್ಣೂ ತುಂಬಿತು. ಸದ್ಯ, ಈಗಲಾದರೂ ತಾಯಿಯ ಕೈ ಹಿಡಿಯುತ್ತಾನೆ ಎಂದುಕೊಂಡೆ. ಅವನು ಮೂಗೊರೆಸಿಕೊಂಡು ಯಂತ್ರದತ್ತ ಬಗ್ಗಿದ.

"ಅಳ್ಬೇಡ ಅಮ್ಮ. ಬರುವ ವರ್ಷ ಖಂಡಿತ ಬರ್ತೇನೆ."